ಟ್ಯೂಬ್ ತೆಗೆಯುವ ಹೊತ್ತು

ಮೇಷ್ಟ್ರು: ಎಕ್ಸ್‌ಟ್ಯುಬೇಷನ್ ಎಂದರೆ ಮೈಯೊಳಗೆ ಇಳಿಸಿದ ಯಾವ ಟ್ಯೂಬನ್ನು ತೆಗೆದರೂ ಹೇಳುವ ಮಾತೇ, ಡಾಕ್ಟ್ರೇ?

ಡಾಕ್ಟರು: ಕೇಳಿದರೆ ಹಾಗನ್ನಿಸುತ್ತದೆ, ಆಸ್ಪತ್ರೆಯ ಬಳಕೆ ಅಷ್ಟು ಸಡಿಲವಲ್ಲ. ಬಾಯಿಯಿಂದ, ಅಪರೂಪಕ್ಕೆ ಮೂಗಿನಿಂದ ಇಳಿದು, ಧ್ವನಿತಂತುಗಳ ನಡುವೆ ಹಾದು, ಶ್ವಾಸನಾಳದಲ್ಲಿ ಕೂತಿರುವ ಎಂಡೋಟ್ರೇಕಿಯಲ್ ಟ್ಯೂಬನ್ನು ತೆಗೆಯುವುದಕ್ಕೆ ಮಾತ್ರ ಎಕ್ಸ್‌ಟ್ಯುಬೇಷನ್ ಎನ್ನುತ್ತಾರೆ. ಅದನ್ನು ಹಾಕುವುದು ಇಂಟ್ಯುಬೇಷನ್. ಮೂಗಿನಿಂದ ಜಠರಕ್ಕೆ ಹೋಗುವ ರೈಲ್ಸ್ ಟ್ಯೂಬ್, ಮೂತ್ರದ ಕ್ಯಾಥೆಟರ್, ಪಕ್ಕೆಲುಬುಗಳ ನಡುವೆ ಹಾಕುವ ಡ್ರೈನ್, ಇವನ್ನು ತೆಗೆದರೆ ಸುಮ್ಮನೆ ‘ರಿಮೂವ್ ಮಾಡಿದೆವು’ ಎನ್ನುತ್ತಾರೆ. ಕುತ್ತಿಗೆಯಲ್ಲಿ ರಂಧ್ರ ಮಾಡಿ ಕೂರಿಸಿದ ಟ್ರೇಕಿಯಾಸ್ಟಮಿ ಟ್ಯೂಬನ್ನು ತೆಗೆಯುವುದಕ್ಕೆ ಬೇರೆಯೇ ಹೆಸರು: ಡಿಕ್ಯಾನ್ಯುಲೇಷನ್.

ಮೇಷ್ಟ್ರು: ಇದೊಂದಕ್ಕೇ ಪ್ರತ್ಯೇಕ ಹೆಸರು ಯಾಕೆ?

ಡಾಕ್ಟರು: ಮಿಕ್ಕ ಬಹುಪಾಲು ಟ್ಯೂಬುಗಳು ಬೇಗ ಹೊರಬಂದರೆ ಯೋಚಿಸಿ ಮತ್ತೆ ಹಾಕಲು ಪುರುಸೊತ್ತು ಇರುತ್ತದೆ. ಇದು ಹೊರಬಂದ ಕ್ಷಣದಿಂದ ಉಸಿರಿನ ಹೊಣೆ ಪೂರ್ತಿ ರೋಗಿಯದು. ಆ ಹೊಣೆ ಹೊರಲಾಗದಿದ್ದರೆ ವೈದ್ಯರ ಕೈಯಲ್ಲಿ ಉಳಿಯುವುದು ಕೆಲವೇ ನಿಮಿಷ.

ಮೇಷ್ಟ್ರು: ಆ ಟ್ಯೂಬ್ ಒಳಗೆ ಹೇಗೆ ಕೂತಿರುತ್ತದೆ ಅನ್ನುವುದು ಗೊತ್ತಾದರೆ ತೆಗೆಯುವ ಕಷ್ಟವೂ ತಿಳಿದೀತು.

ಡಾಕ್ಟರು: ಪಿವಿಸಿ ಪ್ಲಾಸ್ಟಿಕ್ಕಿನ ಬಾಗಿದ ಕೊಳವೆ ಅದು. ವಯಸ್ಕರಿಗೆ ಹಾಕುವುದರ ಒಳವ್ಯಾಸ ಸಾಮಾನ್ಯವಾಗಿ 7ರಿಂದ 8.5 ಮಿಲಿಮೀಟರ್. ಕೊಳವೆಯ ಮೇಲೆ ಸೆಂಟಿಮೀಟರ್ ಗುರುತುಗಳಿರುತ್ತವೆ. ಹೆಂಗಸರಲ್ಲಿ 21, ಗಂಡಸರಲ್ಲಿ 23ರ ಆಸುಪಾಸಿನ ಗುರುತು ಹಲ್ಲಿನ ಹತ್ತಿರ ಬರುವಂತೆ ನೋಡಿ ಟೇಪಿನಿಂದ ಬಿಗಿಯುತ್ತಾರೆ. ಒಳತುದಿಯ ಬಳಿ ಕೊಳವೆಯ ಸುತ್ತ ಗಾಳಿ ತುಂಬುವ ಒಂದು ಪುಟ್ಟ ಚೀಲವಿದೆ, ಅದಕ್ಕೆ ಕಫ್ ಎನ್ನುತ್ತಾರೆ. ರೋಗಿಯ ಕಡೆಯವರು ಇದನ್ನು ಕಫ ಎಂದು ಕೇಳಿಸಿಕೊಂಡು ‘ಕಫ ಇನ್ನೂ ಇದೆಯಂತೆ’ ಎಂದು ಗಾಬರಿಯಾಗುವುದೂ ಉಂಟು. ಈ ಕಫ್ ಶ್ವಾಸನಾಳದ ಗೋಡೆಗೆ ಒತ್ತಿ ಕೂತು ಎರಡು ಕೆಲಸ ಮಾಡುತ್ತದೆ: ವೆಂಟಿಲೇಟರ್ ತಳ್ಳಿದ ಗಾಳಿ ಬಾಯಿಯ ಕಡೆಗೆ ಸೋರದಂತೆ ತಡೆಯುತ್ತದೆ, ಬಾಯಿಯ ಜೊಲ್ಲು ಶ್ವಾಸಕೋಶಕ್ಕೆ ಇಳಿಯುವುದನ್ನೂ ಬಹುಮಟ್ಟಿಗೆ ತಡೆಯುತ್ತದೆ. ಒಳಗಿನ ಒತ್ತಡ 20ರಿಂದ 30 ಸೆಂಟಿಮೀಟರ್ ನೀರಿನ ಮಟ್ಟದಲ್ಲಿರಬೇಕು. ಕಡಿಮೆಯಾದರೆ ಸೋರುತ್ತದೆ, ಹೆಚ್ಚಾದರೆ ಗೋಡೆಯ ರಕ್ತಸಂಚಾರ ನಿಂತು ಹುಣ್ಣಾಗುತ್ತದೆ. ಟ್ಯೂಬ್ ಧ್ವನಿತಂತುಗಳ ನಡುವೆಯೇ ಇರುವುದರಿಂದ ರೋಗಿ ಪೂರ್ತಿ ಎಚ್ಚರವಾಗಿದ್ದರೂ ಒಂದಕ್ಷರ ಮಾತಾಡಲಾರ.

ಮೇಷ್ಟ್ರು: ಎಕ್ಸ್‌ಟ್ಯುಬೇಷನ್ ಎಂಬ ಈ ಮಾತು ವೆಂಟಿಲೇಟರ್ ಬಂದ ಮೇಲೆ ಹುಟ್ಟಿದ್ದಿರಬೇಕು.

ಡಾಕ್ಟರು: ಅದಕ್ಕಿಂತ ಹಳೆಯದು. ಗಂಟಲಮಾರಿ, ಅಂದರೆ ಡಿಫ್ತೀರಿಯಾ, ಮಕ್ಕಳ ಗಂಟಲಲ್ಲಿ ಪೊರೆ ಕಟ್ಟಿ ಉಸಿರುಗಟ್ಟಿಸಿ ಕೊಲ್ಲುತ್ತಿದ್ದ ಕಾಲ. ಆಗ ಇದ್ದ ದಾರಿ ಕುತ್ತಿಗೆ ಕೊಯ್ದು ತೂತು ಮಾಡುವುದೊಂದೇ, ಅದರಲ್ಲೂ ಬಹಳಷ್ಟು ಮಕ್ಕಳು ಉಳಿಯುತ್ತಿರಲಿಲ್ಲ. 1858ರಲ್ಲಿ ಪ್ಯಾರಿಸ್‌ನ ಬೂಶೂ ಎಂಬ ವೈದ್ಯ ಗಂಟಲಿಗೆ ಪುಟ್ಟ ಲೋಹದ ನಳಿಕೆ ಇಳಿಸಿ ತೋರಿಸಿದ. ಅಲ್ಲಿನ ಹಿರಿಯ ವೈದ್ಯ ಟ್ರೂಸೋ ಬಲವಾಗಿ ವಿರೋಧಿಸಿದ್ದರಿಂದ ಅದು ಅಲ್ಲಿಗೇ ನಿಂತಿತು. ಕೈಬಿಟ್ಟ ಆ ಎಳೆಯನ್ನು ನ್ಯೂಯಾರ್ಕ್‌ನ ಅನಾಥ ಶಿಶುಗಳ ಆಸ್ಪತ್ರೆಯಲ್ಲಿದ್ದ ಜೋಸೆಫ್ ಓಡ್ವೈಯರ್ ಮತ್ತೆ ಹಿಡಿದು 1885ರಲ್ಲಿ ತನ್ನ ನಳಿಕೆಗಳನ್ನು ವೈದ್ಯಲೋಕದ ಮುಂದಿಟ್ಟ. ಇವತ್ತಿನ ಟ್ಯೂಬಿನ ಹಾಗೆ ಅದರ ತುದಿ ಬಾಯಿಯ ಹೊರಗೆ ಇರುತ್ತಿರಲಿಲ್ಲ. ಇಡೀ ನಳಿಕೆ ಗಂಟಲೊಳಗೇ ಕೂರುತ್ತಿತ್ತು. ಹಾಕುವಾಗ ಅದಕ್ಕೆ ರೇಷ್ಮೆ ದಾರ ಪೋಣಿಸಿರುತ್ತಿದ್ದರು, ತಪ್ಪಿ ಅನ್ನನಾಳಕ್ಕೆ ಹೋದರೆ ಎಳೆದುಕೊಳ್ಳಲು. ಸರಿಯಾಗಿ ಕೂತಿತು ಎಂದ ಮೇಲೆ ದಾರ ಬಿಚ್ಚುತ್ತಿದ್ದರು.

ಮೇಷ್ಟ್ರು: ದಾರವೂ ಇಲ್ಲ, ಹೊರಗೆ ತುದಿಯೂ ಇಲ್ಲ. ಮತ್ತೆ ತೆಗೆಯುವುದು ಹೇಗೆ?

ಡಾಕ್ಟರು: ಅಲ್ಲೇ ಎಕ್ಸ್‌ಟ್ಯುಬೇಷನ್ ಒಂದು ಬೇರೆ ಕುಶಲ ಕೆಲಸವಾದದ್ದು. ಓಡ್ವೈಯರನ ಪೆಟ್ಟಿಗೆಯಲ್ಲಿ ಹಾಕುವ ಸಾಧನ ಬೇರೆ, ತೆಗೆಯುವ ಸಾಧನ ಬೇರೆ. ತೆಗೆಯುವುದರ ಚುಂಚನ್ನು ನಳಿಕೆಯ ಬಾಯೊಳಗೆ ತೂರಿಸಿ ಒತ್ತಿದರೆ ಅದು ಒಳಗೆ ಅಗಲವಾಗಿ ನಳಿಕೆಯನ್ನು ಕಚ್ಚಿ ಹಿಡಿಯುತ್ತಿತ್ತು. ಮಗು ಕೊಸರಾಡುತ್ತದೆ, ಗಂಟಲೊಳಗೆ ಕಾಣುವುದಿಲ್ಲ, ಬೆರಳ ತುದಿಯೇ ಕಣ್ಣು. ಕೆಲವು ಮಕ್ಕಳು ಜೋರಾಗಿ ಕೆಮ್ಮಿ ತಾವೇ ನಳಿಕೆಯನ್ನು ಹೊರಹಾಕಿಬಿಡುತ್ತಿದ್ದರು. 1890ರ ದಶಕದಲ್ಲಿ ಡಿಫ್ತೀರಿಯಾಕ್ಕೆ ಆಂಟಿಟಾಕ್ಸಿನ್ ಬಂದ ಮೇಲೆ ಈ ನಳಿಕೆಗಳ ಅಗತ್ಯ ಕಡಿಮೆಯಾಗುತ್ತ ಹೋಯಿತು, ಮಾತು ಉಳಿಯಿತು.

ಮೇಷ್ಟ್ರು: ಈಗ ಇದು ಹೆಚ್ಚು ನಡೆಯುವುದು ಐಸಿಯುನಲ್ಲಿ ತಾನೇ?

ಡಾಕ್ಟರು: ಎಣಿಕೆಗೆ ನೋಡಿದರೆ ಆಪರೇಷನ್ ಥಿಯೇಟರಿನಲ್ಲೇ ಹೆಚ್ಚು. ಪೂರ್ತಿ ಅರಿವಳಿಕೆ ಕೊಟ್ಟ ಎಷ್ಟೋ ಶಸ್ತ್ರಚಿಕಿತ್ಸೆಗಳ ಕೊನೆಗೆ ಇದು ಇದ್ದೇ ಇರುತ್ತದೆ. ಸ್ನಾಯು ಸಡಿಲಿಸುವ ಔಷಧದ ಪ್ರಭಾವ ಇಳಿಯಬೇಕು, ರೋಗಿ ತಾನಾಗಿ ಉಸಿರಾಡಬೇಕು, ಹೇಳಿದ ಮಾತಿಗೆ ಕಣ್ಣು ತೆರೆಯಬೇಕು. ಆಮೇಲೆ ಟ್ಯೂಬ್ ಹೊರಗೆ. ಸ್ನಾಯುಬಲ ಮರಳಿದೆಯೇ ಎಂದು ತಿಳಿಯಲು ಮಣಿಕಟ್ಟಿನ ನರಕ್ಕೆ ನಾಲ್ಕು ಸಣ್ಣ ವಿದ್ಯುತ್ ಮಿಡಿತ ಕೊಟ್ಟು, ಹೆಬ್ಬೆರಳಿನ ನಾಲ್ಕನೆಯ ಅದುರು ಮೊದಲನೆಯದರ ಹತ್ತರಲ್ಲಿ ಒಂಬತ್ತು ಪಾಲಾದರೂ ಇದೆಯೇ ಎಂದು ಅಳೆಯುತ್ತಾರೆ. ಅರೆ ಎಚ್ಚರದಲ್ಲಿ ತೆಗೆಯುವುದು ಎಲ್ಲಕ್ಕಿಂತ ಕೆಟ್ಟದ್ದು. ಆಗ ಗಂಟಲನ್ನು ಮುಟ್ಟಿದರೆ ಸಾಕು, ಧ್ವನಿತಂತುಗಳು ಬಿಗಿದು ಮುಚ್ಚಿಕೊಳ್ಳುತ್ತವೆ. ಲ್ಯಾರಿಂಗೋಸ್ಪಾಸಂ ಎನ್ನುತ್ತಾರೆ, ಮಕ್ಕಳಲ್ಲಿ ಇದು ಹೆಚ್ಚು. ಹಾಗಾಗಿ ತೆಗೆದರೆ ಪೂರ್ತಿ ಎಚ್ಚರದಲ್ಲಿ ತೆಗೆಯಬೇಕು, ಇಲ್ಲವೇ ಆಳವಾದ ಅರಿವಳಿಕೆಯಲ್ಲಿರುವಾಗಲೇ ತೆಗೆಯಬೇಕು. ಕೆಮ್ಮು ಬಂದರೆ ಹೊಲಿಗೆಗೆ ತೊಂದರೆಯಾಗುವ ಕಡೆ ಎರಡನೆಯದನ್ನು ಆರಿಸುವುದುಂಟು. ಹೊಟ್ಟೆ ತುಂಬಿದವರಲ್ಲಿ, ಮೊದಲ ಸಲವೇ ಟ್ಯೂಬ್ ಹಾಕಲು ಕಷ್ಟವಾದವರಲ್ಲಿ ಅದು ಸಲ್ಲದು.

ಮೇಷ್ಟ್ರು: ಹಾಕುವುದೇ ದೊಡ್ಡ ಕೆಲಸ, ತೆಗೆಯುವುದು ಏನು ಮಹಾ ಎಂದುಕೊಳ್ಳುತ್ತಾರಲ್ಲ ಜನ.

ಡಾಕ್ಟರು: ಜನವಷ್ಟೇ ಅಲ್ಲ, ವೈದ್ಯರೂ ಬಹುಕಾಲ ಹಾಗೇ ಅಂದುಕೊಂಡಿದ್ದರು. ಇಂಟ್ಯುಬೇಷನ್ ಬಗ್ಗೆ ಪುಸ್ತಕದ ಮೇಲೆ ಪುಸ್ತಕ. ಎಕ್ಸ್‌ಟ್ಯುಬೇಷನ್‌ಗೆ ಅರ್ಧ ಪುಟ. 2011ರಲ್ಲಿ ಬ್ರಿಟನ್ನಿನ ಅರಿವಳಿಕೆ ತಜ್ಞರು ಉಸಿರುದಾರಿಯ ದೊಡ್ಡ ಅವಘಡಗಳನ್ನು ರಾಷ್ಟ್ರಮಟ್ಟದಲ್ಲಿ ಲೆಕ್ಕ ಹಾಕಿದಾಗ, ಅರಿವಳಿಕೆಯಲ್ಲಿ ನಡೆದವುಗಳ ಪೈಕಿ ಮೂರರಲ್ಲೊಂದರಷ್ಟು ಕೊನೆಯ ಹಂತದಲ್ಲಿ, ಅಂದರೆ ರೋಗಿ ಏಳುವಾಗ ಇಲ್ಲವೇ ಎದ್ದು ಸುಧಾರಿಸಿಕೊಳ್ಳುವಾಗ, ಆಗಿದ್ದು ಕಂಡುಬಂತು. ಮರುವರ್ಷವೇ ಅಲ್ಲಿನ ಡಿಫಿಕಲ್ಟ್ ಏರ್‌ವೇ ಸೊಸೈಟಿ ಎಕ್ಸ್‌ಟ್ಯುಬೇಷನ್‌ಗೆಂದೇ ಪ್ರತ್ಯೇಕ ಮಾರ್ಗಸೂಚಿ ಹೊರಡಿಸಿತು.

ಮೇಷ್ಟ್ರು: ಐಸಿಯುನಲ್ಲಿ ದಿನಗಟ್ಟಲೆ ವೆಂಟಿಲೇಟರಿನಲ್ಲಿದ್ದವರ ವಿಷಯ ಹೇಳಿ. ಇವತ್ತು ತೆಗೆಯಬಹುದು ಎಂದು ಯಾವುದನ್ನು ನೋಡಿ ತೀರ್ಮಾನಿಸುತ್ತಾರೆ?

ಡಾಕ್ಟರು: ಎರಡು ಬೇರೆ ಬೇರೆ ಪ್ರಶ್ನೆಗಳಿವೆ, ಬೆರೆಸಿದರೆ ಎಡವಟ್ಟು. ಮೊದಲನೆಯದು, ವೆಂಟಿಲೇಟರ್ ಬೇಡವೇ? ಎರಡನೆಯದು, ಟ್ಯೂಬ್ ಬೇಡವೇ? ವೆಂಟಿಲೇಟರ್ ಆಸರೆಯನ್ನು ಹಂತಹಂತವಾಗಿ ಇಳಿಸುವುದಕ್ಕೆ ವೀನಿಂಗ್ ಎನ್ನುತ್ತಾರೆ. ರೋಗ ಇಳಿದಿರಬೇಕು, ಬಿಪಿ ಸ್ಥಿರವಾಗಿರಬೇಕು, ಶೇಕಡಾ 40–50 ಆಮ್ಲಜನಕದಲ್ಲೇ ರಕ್ತದಲ್ಲಿ ಅದರ ಮಟ್ಟ ಸರಿಯಿರಬೇಕು. ಆಮೇಲೆ ಮಂಪರಿನ ಔಷಧ ನಿಲ್ಲಿಸಿ, ಯಂತ್ರದ ಸಹಾಯವನ್ನು ತೀರ ಕಡಿಮೆ ಮಾಡಿ, 30 ನಿಮಿಷದಿಂದ 2 ಗಂಟೆ ಸ್ವಂತ ಉಸಿರಾಟದ ಪರೀಕ್ಷೆ ಮಾಡುತ್ತಾರೆ. ಉಸಿರು ನಿಮಿಷಕ್ಕೆ 35 ದಾಟಿತು, ಬೆವರಿತು, ಆಮ್ಲಜನಕ ಇಳಿಯಿತು, ರೋಗಿ ಚಡಪಡಿಸಿದ ಎಂದರೆ ಮತ್ತೆ ಯಂತ್ರಕ್ಕೆ. ಸಾಮಾನ್ಯವಾಗಿ ನಾಳೆ ಇನ್ನೊಂದು ಪ್ರಯತ್ನ.

ಮೇಷ್ಟ್ರು: ಅಂಕಿಯಲ್ಲಿ ಹಿಡಿಯುವ ಅಳತೆ ಏನೂ ಇಲ್ಲವೇ?

ಡಾಕ್ಟರು: ಇದೆ. ಯಾಂಗ್ ಮತ್ತು ಟೋಬಿನ್ 1991ರಲ್ಲಿ ಕೊಟ್ಟದ್ದು. ನಿಮಿಷಕ್ಕೆ ಎಷ್ಟು ಉಸಿರು ಎನ್ನುವುದನ್ನು ಒಂದು ಉಸಿರಿಗೆ ಎಷ್ಟು ಲೀಟರ್ ಗಾಳಿ ಎನ್ನುವುದರಿಂದ ಭಾಗಿಸಬೇಕು, ಅಷ್ಟೇ. 20 ಉಸಿರು, ಒಂದೊಂದಕ್ಕೆ 400 ಮಿಲಿಲೀಟರ್ ಆದರೆ 50 ಬಂತು; ನೆಮ್ಮದಿ. 35 ಉಸಿರು, 250 ಮಿಲಿಲೀಟರ್ ಆದರೆ 140. ಸೋತ ಸ್ನಾಯುಗಳ ಏದುಸಿರು. 105ರ ಆಚೆ ಹೋದರೆ ವೀನಿಂಗ್ ಸೋಲುವ ಸಂಭವ ಹೆಚ್ಚು ಎಂದು ಅವರು ಕಂಡರು. ಆದರೆ ಈ ಲೆಕ್ಕ ಉತ್ತರಿಸುವುದು ಮೊದಲ ಪ್ರಶ್ನೆಗೆ ಮಾತ್ರ. ಎರಡನೆಯದಕ್ಕೆ ಹಾಸಿಗೆಯ ಪಕ್ಕ ನಿಂತು ನೋಡಬೇಕು: ಕಫ ಎಷ್ಟಿದೆ, ಅದನ್ನು ಕೆಮ್ಮಿ ಮೇಲೆ ತರುವ ಕಸುವು ಇದೆಯೇ, ‘ಕೈ ಹಿಡೀರಿ, ನಾಲಿಗೆ ತೋರಿಸಿ’ ಎಂದರೆ ತಿಳಿದು ಮಾಡುತ್ತಾರೆಯೇ. ಯಂತ್ರವೇ ಬೇಡವಾದರೂ ಜೊಲ್ಲು ನುಂಗಲಾಗದ, ಕಫ ಉಗುಳಲಾಗದ ಪಾರ್ಶ್ವವಾಯು ರೋಗಿಗೆ ಟ್ಯೂಬ್ ಬೇಕಾಗಬಹುದು.

ಮೇಷ್ಟ್ರು: ನಮ್ಮ ಕಡೆ ಬೆಳೆಗೆ ಹೊಡೆಯುವ ಔಷಧ ಕುಡಿದವರನ್ನು ಆಸ್ಪತ್ರೆಗೆ ಹೊತ್ತುಕೊಂಡು ಹೋಗುವುದು ಹೊಸದಲ್ಲ. ಅವರಲ್ಲಿ ಚೇತರಿಸಿಕೊಂಡರು ಎಂದು ಟ್ಯೂಬ್ ತೆಗೆದು, ಮತ್ತೆ ಹಾಕಿದ್ದನ್ನು ಕೇಳಿದ್ದುಂಟು.

ಡಾಕ್ಟರು: ಅದಕ್ಕೆ ಗೊತ್ತಿರುವ ಕಾರಣವಿದೆ. ಆರ್ಗನೋಫಾಸ್ಫರಸ್ ಕೀಟನಾಶಕದ ಮೊದಲ ಹೊಡೆತ, ಅಂದರೆ ಜೊಲ್ಲು, ಬೆವರು, ಕುಗ್ಗಿದ ಕಣ್ಣಪಾಪೆ, ಅಟ್ರೋಪಿನ್‌ಗೆ ಇಳಿಯುತ್ತದೆ. ರೋಗಿ ಕಣ್ಣು ಬಿಟ್ಟು ನೋಡುತ್ತಾನೆ, ಮನೆಯವರು ದೇವರಿಗೆ ಕೈಮುಗಿಯುತ್ತಾರೆ. ವಿಷ ಸೇರಿದ 24ರಿಂದ 96 ಗಂಟೆಗಳ ನಡುವೆ ಎರಡನೆಯ ಹೊಡೆತ ಬರಬಹುದು: ಕುತ್ತಿಗೆ, ಭುಜ, ಉಸಿರಾಟದ ಸ್ನಾಯುಗಳು ಸೋಲುತ್ತವೆ. ಶ್ರೀಲಂಕಾದ ಸೇನಾನಾಯಕೆ ಮತ್ತು ಕರಳಿಯದ್ದೆ 1987ರಲ್ಲಿ ಇದನ್ನು ವಿವರಿಸಿ ಇಂಟರ್‌ಮೀಡಿಯೇಟ್ ಸಿಂಡ್ರೋಮ್ ಎಂದರು. ಇಂಥವರಲ್ಲಿ ಯಾವ ಯಂತ್ರವೂ ಬೇಡದ ಒಂದು ಪರೀಕ್ಷೆ ಬಹಳ ಹೇಳುತ್ತದೆ: ದಿಂಬಿನಿಂದ ತಲೆ ಎತ್ತಿ ಹಿಡಿಯಲು ಹೇಳುವುದು. ಎತ್ತಲಾಗದಿದ್ದರೆ ಮಾನಿಟರಿನ ಅಂಕಿಗಳು ಎಷ್ಟೇ ಚೆನ್ನಾಗಿದ್ದರೂ ಟ್ಯೂಬಿಗೆ ಕೈ ಹಾಕಬಾರದು.

ಮೇಷ್ಟ್ರು: ಹಾವು ಕಚ್ಚಿದವರಿಗೂ ಇದೇ ಅಳತೆಯೇ?

ಡಾಕ್ಟರು: ನಾಗರಹಾವು, ಕಟ್ಟುಹಾವುಗಳ ನರವಿಷಕ್ಕೆ ಬಹುಮಟ್ಟಿಗೆ ಹೌದು. ರೆಪ್ಪೆ ಮೊದಲು ಜೋಲುತ್ತದೆ, ಆಮೇಲೆ ಉಸಿರು. ಕಟ್ಟುಹಾವು ಕಚ್ಚಿದವರು ಒಂದು ಬೆರಳನ್ನೂ ಅಲುಗಿಸದೆ ಮಲಗಿದ್ದರೂ ಅರಿವು ನೆಟ್ಟಗಿರಬಹುದು, ಸುತ್ತ ಆಡುವ ಮಾತೆಲ್ಲ ಅವರಿಗೆ ಕೇಳಿಸುತ್ತಿರಬಹುದು. ವೆಂಟಿಲೇಟರ್ ಕೆಲವು ದಿನ ಉಸಿರು ಕೊಟ್ಟರೆ ಪೂರ್ತಿ ಚೇತರಿಸಿಕೊಂಡು, ಟ್ಯೂಬ್ ಹೊರಬಂದು, ನಡೆದು ಮನೆಗೆ ಹೋಗುವ ರೋಗಿಗಳಿವರು.

ಮೇಷ್ಟ್ರು: ತೆಗೆಯುವ ಕ್ರಮ?

ಡಾಕ್ಟರು: ರೋಗಿಯನ್ನು ಒರಗಿಸಿ ಕೂರಿಸುತ್ತಾರೆ. ರೈಲ್ಸ್ ಟ್ಯೂಬಿನಲ್ಲಿ ಆಹಾರ ಹೋಗುತ್ತಿದ್ದರೆ ಮೊದಲೇ ನಿಲ್ಲಿಸಿರುತ್ತಾರೆ. ಮತ್ತೆ ಟ್ಯೂಬ್ ಹಾಕಬೇಕಾಗಿ ಬಂದರೆ ಬೇಕಾದ ಸಾಮಾನೆಲ್ಲ ಪಕ್ಕದಲ್ಲೇ ಇರಬೇಕು, ಹಾಕಬಲ್ಲವರೂ ಅಲ್ಲೇ ಇರಬೇಕು. ಇದನ್ನು ಸಂಪ್ರದಾಯ ಎಂದುಕೊಂಡು ಕಡೆಗಣಿಸಿದ ದಿನವೇ ಅದು ಬೇಕಾಗುವುದು. ಆಮ್ಲಜನಕ ಹೆಚ್ಚಿಸಿ, ಟ್ಯೂಬಿನೊಳಗೆ ಸಕ್ಷನ್ ಮಾಡಿ, ಬಾಯಿಯನ್ನೂ ಕಫ್‌ನ ಮೇಲ್ಭಾಗವನ್ನೂ ಶುಚಿ ಮಾಡುತ್ತಾರೆ. ಕಫ್‌ನ ಮೇಲೆ ನಿಂತ ಜೊಲ್ಲು ಹಾಗೇ ಉಳಿದರೆ ಕಫ್ ಇಳಿಸಿದ ಕೂಡಲೇ ಅಷ್ಟೂ ಶ್ವಾಸಕೋಶಕ್ಕೆ ಜಾರುತ್ತದೆ. ಆಮೇಲೆ ಟೇಪು ಬಿಚ್ಚಿ, ಸಿರಿಂಜಿನಿಂದ ಕಫ್‌ನ ಗಾಳಿ ಪೂರ್ತಿ ಎಳೆದು, ಆಳವಾಗಿ ಉಸಿರೆಳೆದುಕೊಳ್ಳಲು ಹೇಳಿ, ಆ ಉಸಿರಿನ ತುದಿಯಲ್ಲಿ ಟ್ಯೂಬನ್ನು ಒಂದೇ ಸಮನೆ ಹೊರಕ್ಕೆ ಎಳೆಯುತ್ತಾರೆ. ಎದೆ ತುಂಬ ಗಾಳಿ ಇರುವುದರಿಂದ ಮೊದಲು ಬರುವುದು ಕೆಮ್ಮು, ಅದರೊಂದಿಗೆ ಕಫವೂ ಹೊರಗೆ. ಎಲ್ಲ ಕೂಡಿ ಕೆಲವೇ ಸೆಕೆಂಡು.

ಮೇಷ್ಟ್ರು: ಆಮೇಲೆ ಹೆಸರು ಕೇಳುತ್ತಾರಂತೆ?

ಡಾಕ್ಟರು: ಅದು ಬರೀ ಕುಶಲಪ್ರಶ್ನೆಯಲ್ಲ. ಹೆಸರು ಹೇಳಿದರೆ ಉಸಿರುದಾರಿ ತೆರೆದಿದೆ, ಧ್ವನಿತಂತು ಆಡುತ್ತಿವೆ, ಬುದ್ಧಿ ಸ್ವಾಧೀನದಲ್ಲಿದೆ ಎಂದು ಒಂದೇ ಏಟಿಗೆ ತಿಳಿಯುತ್ತದೆ. ದನಿ ಒಡಕಲಾಗಿರುವುದು ಸಹಜ, ದಿನಗಳಲ್ಲಿ ಸರಿಹೋಗುತ್ತದೆ. ವಾರಗಳಾದರೂ ಹೋಗದಿದ್ದರೆ ಇಎನ್‌ಟಿಯವರಿಗೆ ತೋರಿಸಬೇಕು. ಹೆದರಬೇಕಾದದ್ದು ಉಸಿರೆಳೆಯುವಾಗ ಬರುವ ಸಿಳ್ಳಿನಂಥ ಸದ್ದಿಗೆ. ಸ್ಟ್ರೈಡರ್ ಎನ್ನುವ ಆ ಸದ್ದು ಟ್ಯೂಬ್ ಉಜ್ಜಿದ ಜಾಗ ಊದಿಕೊಂಡಿದೆ ಎನ್ನುವುದರ ಗುರುತು. ದಿನಗಟ್ಟಲೆ ಟ್ಯೂಬ್ ಇದ್ದವರಲ್ಲಿ, ಹೆಂಗಸರಲ್ಲಿ, ಗಂಟಲಿಗೆ ದಪ್ಪ ಟ್ಯೂಬ್ ಬಿದ್ದಿದ್ದವರಲ್ಲಿ ಇದು ಹೆಚ್ಚು. ಅದಕ್ಕೇ ಮೊದಲೇ ಕಫ್ ಇಳಿಸಿ ಟ್ಯೂಬಿನ ಪಕ್ಕದಿಂದ ಗಾಳಿ ಸೋರುತ್ತದೆಯೇ ಎಂದು ನೋಡುವುದುಂಟು. ಸೋರದಿದ್ದರೆ ಕೆಲವು ಗಂಟೆ ಮೊದಲಿಂದ ಸ್ಟಿರಾಯ್ಡ್ ಕೊಟ್ಟು ಆಮೇಲೆ ತೆಗೆಯುತ್ತಾರೆ. ಇನ್ನು, ದನಿ ಬಂತು ಎಂದು ತಕ್ಷಣ ಬಾಯಿಗೆ ನೀರು ಬಿಡುವ ಹಾಗಿಲ್ಲ. ದಿನಗಟ್ಟಲೆ ಟ್ಯೂಬ್ ಇದ್ದ ಗಂಟಲು ನುಂಗುವ ಲಯ ತಪ್ಪಿರುತ್ತದೆ. ಪರೀಕ್ಷಿಸಿ, ಚಮಚೆಯಿಂದ ಶುರುಮಾಡಬೇಕು. ಅಕ್ಕರೆಯಿಂದ ಎಳನೀರು ಹಿಡಿದು ನಿಂತ ನೆಂಟರಿಗೆ ಇದನ್ನು ಹೇಳುವುದು ನರ್ಸ್‌ಗಳ ನಿತ್ಯದ ಪಾಡು.

ಮೇಷ್ಟ್ರು: ಅಷ್ಟಾದರೆ ಗೆದ್ದಂತೆ ತಾನೇ?

ಡಾಕ್ಟರು: ಹಾಗೆ ಹೇಳಲು 48ರಿಂದ 72 ಗಂಟೆ ಕಾಯಬೇಕು. ಅಷ್ಟರೊಳಗೆ ಮತ್ತೆ ಟ್ಯೂಬ್ ಹಾಕಬೇಕಾಗಿ ಬಂದರೆ ಅದನ್ನು ವಿಫಲ ಎಕ್ಸ್‌ಟ್ಯುಬೇಷನ್ ಎಂದು ಲೆಕ್ಕ ಹಿಡಿಯುತ್ತಾರೆ. ಎಲ್ಲ ಪರೀಕ್ಷೆ ಪಾಸಾದವರಲ್ಲೂ ನೂರಕ್ಕೆ 10ರಿಂದ 20 ಮಂದಿಗೆ ಹೀಗಾಗುತ್ತದೆ, ಹಾಗಾದವರಲ್ಲಿ ಸಾವಿನ ಪ್ರಮಾಣವೂ ಹೆಚ್ಚು. ಅಪಾಯ ಹೆಚ್ಚಿರುವವರಿಗೆ ಟ್ಯೂಬ್ ತೆಗೆದ ಕೂಡಲೇ ಬಿಗಿಮಾಸ್ಕಿನ ಎನ್‌ಐವಿ ಇಲ್ಲವೇ ಮೂಗಿನಿಂದ ರಭಸವಾಗಿ ಬಿಸಿ ಆಮ್ಲಜನಕ ಕೊಡುವ ಯಂತ್ರ ಹಾಕುವುದು ಅದಕ್ಕೇ. ದಿನ ತುಂಬದೆ ಹುಟ್ಟಿದ ಶಿಶುಗಳಿಗೆ ಮೂಗಿನಿಂದ ಸತತ ಒತ್ತಡದಲ್ಲಿ ಗಾಳಿ ಕೊಡುವ ಸಿಪ್ಯಾಪ್. ಜೊತೆಗೆ ಉಸಿರಾಡುವುದನ್ನು ಮರೆಯದಿರಲೆಂದು ಕೆಫೀನ್, ನಮ್ಮ ಕಾಫಿಯಲ್ಲಿರುವುದೇ.

ಮೇಷ್ಟ್ರು: ಒಬ್ಬರಲ್ಲೂ ಸೋಲದ ಐಸಿಯು ಇದ್ದರೆ ಅದೇ ಎಲ್ಲಕ್ಕಿಂತ ಒಳ್ಳೆಯದಲ್ಲವೇ?

ಡಾಕ್ಟರು: ಅನುಮಾನಪಡಬೇಕಾದ ಐಸಿಯು ಅದು. ಒಂದು ಸೋಲೂ ಇಲ್ಲವೆಂದರೆ ಎಷ್ಟೋ ಜನರ ಟ್ಯೂಬನ್ನು ಬೇಕಾದ್ದಕ್ಕಿಂತ ಹೆಚ್ಚು ದಿನ ಇಟ್ಟಿದ್ದಾರೆ ಎಂದೇ ಅರ್ಥ. ಇಟ್ಟ ಪ್ರತಿದಿನಕ್ಕೂ ನ್ಯುಮೋನಿಯಾದ, ಸ್ನಾಯು ಕರಗುವ, ಗಂಟಲು ಹುಣ್ಣಾಗುವ ಬೆಲೆ ಇದೆ. ಬಿಲ್ಲಿನ ಬೆಲೆ ಬೇರೆ.

ಮೇಷ್ಟ್ರು: ರೋಗಿಯೇ ಕಿತ್ತುಕೊಂಡರೆ?

ಡಾಕ್ಟರು: ಅದಕ್ಕೆ ಸೆಲ್ಫ್ ಎಕ್ಸ್‌ಟ್ಯುಬೇಷನ್ ಎನ್ನುತ್ತಾರೆ. ಮಗ್ಗುಲು ಬದಲಿಸುವಾಗ ಜಗ್ಗಿ ಬಂದರೆ ಆಕ್ಸಿಡೆಂಟಲ್. ಕಫ್ ಉಬ್ಬಿದ ಹಾಗೇ ಧ್ವನಿತಂತುಗಳ ನಡುವೆ ಹಾದುಬರುವುದರಿಂದ ಗಾಯವಾಗಬಹುದು. ಬಂದದ್ದನ್ನು ಮತ್ತೆ ಒಳಗೆ ತಳ್ಳಬಾರದು. ಆಮ್ಲಜನಕ ಕೊಟ್ಟು ನೋಡಬೇಕು. ಸೋಜಿಗವೆಂದರೆ ಹೀಗೆ ಕಿತ್ತುಕೊಂಡವರಲ್ಲಿ ಹೆಚ್ಚುಕಡಿಮೆ ಅರ್ಧ ಜನಕ್ಕೆ ಮತ್ತೆ ಟ್ಯೂಬ್ ಬೇಕಾಗುವುದಿಲ್ಲ. ಅಂದರೆ ರೋಗಿಗೆ ಗೊತ್ತಾದದ್ದು ವೈದ್ಯರಿಗೆ ಇನ್ನೂ ಗೊತ್ತಾಗಿರಲಿಲ್ಲ. ಕೈ ಕಟ್ಟುವುದು ಇದಕ್ಕೆ ಪರಿಹಾರವಲ್ಲ, ಕಟ್ಟಿದವರೂ ಕಿತ್ತುಕೊಂಡಿದ್ದಾರೆ.

ಮೇಷ್ಟ್ರು: ವಾರಗಳಾದರೂ ಯಂತ್ರ ಬಿಡದವರು?

ಡಾಕ್ಟರು: ಅವರಿಗೆ ಕುತ್ತಿಗೆಯಲ್ಲಿ ಟ್ರೇಕಿಯಾಸ್ಟಮಿ ಮಾಡಿ ಬಾಯಿಯ ಟ್ಯೂಬನ್ನು ಬಿಡಿಸುತ್ತಾರೆ. 1952ರಲ್ಲಿ ಕೋಪನ್‌ಹೇಗನ್‌ನ ಪೋಲಿಯೊ ಹಾವಳಿಯಲ್ಲಿ ಬ್ಯೋರ್ನ್ ಇಬ್ಸೆನ್ ಹಿಡಿದ ದಾರಿ ಅದೇ. ವೈದ್ಯಕೀಯ ವಿದ್ಯಾರ್ಥಿಗಳು ಪಾಳಿ ಹಾಕಿಕೊಂಡು ಹಗಲೂ ರಾತ್ರಿ ಕೈಯಿಂದ ಚೀಲ ಒತ್ತಿ ರೋಗಿಗಳಿಗೆ ಉಸಿರು ಕೊಟ್ಟರು, ಇವತ್ತಿನ ಐಸಿಯು ಬೆಳೆದದ್ದು ಅಲ್ಲಿಂದ. ಆ ಕುತ್ತಿಗೆಯ ಟ್ಯೂಬನ್ನು ತೆಗೆಯುವ ಡಿಕ್ಯಾನ್ಯುಲೇಷನ್ ಅವಸರದ ಕೆಲಸವಲ್ಲ. ಸಣ್ಣ ಟ್ಯೂಬಿಗೆ ಇಳಿಸಿ, ಅದರ ಬಾಯಿ ಮುಚ್ಚಿಟ್ಟು, ದಿನಗಟ್ಟಲೆ ನೋಡಿ ತೆಗೆಯುತ್ತಾರೆ. ರಂಧ್ರ ಬಹುತೇಕ ತಾನೇ ಕೂಡಿಕೊಳ್ಳುತ್ತದೆ.

ಮೇಷ್ಟ್ರು: ‘ಪೈಪ್ ತೆಗೆದರು’ ಎಂದರೆ ಊರಲ್ಲಿ ಕೈಬಿಟ್ಟರು ಎಂದೇ ಅರ್ಥ ಮಾಡಿಕೊಳ್ಳುತ್ತಾರೆ. ಅದು ಪೂರ್ತಿ ತಪ್ಪೇ?

ಡಾಕ್ಟರು: ಬಹುಪಾಲು ಸಲ ತಪ್ಪು, ಉಳಿದ ಕೆಲವು ಸಲ ಅರ್ಧ ಸರಿ. ಗುಣವಾಗುವ ಆಸೆ ಇಲ್ಲದ ರೋಗಿಯ ಕೊನೆಯನ್ನು ಯಂತ್ರ ಎಳೆಯುತ್ತಿದೆ ಎಂದಾದಾಗ ಟ್ಯೂಬ್ ತೆಗೆಯುವುದನ್ನು ಪ್ಯಾಲಿಯೇಟಿವ್ ಎಕ್ಸ್‌ಟ್ಯುಬೇಷನ್ ಎನ್ನುತ್ತಾರೆ. ಸಂಕಟ, ಉಸಿರುಬ್ಬಸ ಆಗದ ಹಾಗೆ ಮಾರ್ಫಿನ್‌ನಂಥ ಔಷಧ ಮೊದಲೇ ಕೊಡುತ್ತಾರೆ. ಟ್ಯೂಬ್ ಹೋಗುತ್ತದೆ, ಆರೈಕೆ ಹೋಗುವುದಿಲ್ಲ. ಇದು ವೈದ್ಯರೊಬ್ಬರೇ ಮಾಡುವ ತೀರ್ಮಾನವೂ ಅಲ್ಲ.

ಮೇಷ್ಟ್ರು: ಅರುಣಾ ಶಾನಭಾಗರ ಮೊಕದ್ದಮೆಯಲ್ಲಿ ಬಂದದ್ದು ಇದೇ ಪ್ರಶ್ನೆಯಲ್ಲವೇ?

ಡಾಕ್ಟರು: ಆ ಮೊಕದ್ದಮೆಯನ್ನು ಬಹಳ ಜನ ಟ್ಯೂಬ್ ತೆಗೆಯುವ ಮೊಕದ್ದಮೆ ಎಂದೇ ನೆನೆಯುತ್ತಾರೆ. ಹೊನ್ನಾವರದ ಹತ್ತಿರದ ಹಳದೀಪುರದಿಂದ ಮುಂಬಯಿಗೆ ನರ್ಸ್ ಆಗಿ ಹೋಗಿ, 1973ರ ಹಲ್ಲೆಯಿಂದ ಮಿದುಳಿಗೆ ಪೆಟ್ಟಾಗಿ ಮಲಗಿದ ಅವರು ವೆಂಟಿಲೇಟರಿನಲ್ಲಿ ಇರಲಿಲ್ಲ, ಸ್ವಂತವಾಗಿ ಉಸಿರಾಡುತ್ತಿದ್ದರು. ಕೋರ್ಟಿನ ಮುಂದೆ ಇದ್ದದ್ದು ಆಹಾರ ನಿಲ್ಲಿಸುವ ಪ್ರಶ್ನೆ. ಸುಪ್ರೀಂ ಕೋರ್ಟ್ 2011ರಲ್ಲಿ ಅದಕ್ಕೆ ಒಪ್ಪಲಿಲ್ಲ, ಆದರೆ ಜೀವರಕ್ಷಕ ಚಿಕಿತ್ಸೆ ಹಿಂತೆಗೆಯಲು ಕಟ್ಟುನಿಟ್ಟಾದ ದಾರಿಯೊಂದನ್ನು ತೆರೆಯಿತು. ಕಾಮನ್ ಕಾಸ್ ಎಂಬ ಸಂಸ್ಥೆ ಹೂಡಿದ ಮೊಕದ್ದಮೆಯಲ್ಲಿ ಅದೇ ಕೋರ್ಟ್ 2018ರಲ್ಲಿ ಕೊಟ್ಟ ತೀರ್ಪು ಘನತೆಯ ಸಾವನ್ನು ಬದುಕುವ ಹಕ್ಕಿನೊಳಗೇ ಸೇರಿಸಿತು. 2023ರ ಜನವರಿಯಲ್ಲಿ ಕೋರ್ಟ್ ಚಿಕಿತ್ಸೆ ಹಿಂತೆಗೆಯುವ ಕ್ರಮವನ್ನು ಸರಳ ಮಾಡಿತು. ಕರ್ನಾಟಕದ ಆರೋಗ್ಯ ಇಲಾಖೆ 2025ರ ಜನವರಿ 30ರಂದು ಇದನ್ನು ಜಾರಿಗೆ ತರುವ ಆದೇಶ ಹೊರಡಿಸಿತು. ಆಸ್ಪತ್ರೆಯ ಪ್ರಾಥಮಿಕ ಮಂಡಳಿಯ ಮೂವರು ವೈದ್ಯರು ಒಪ್ಪಬೇಕು, ಬೇರೆ ಮೂವರ ದ್ವಿತೀಯ ಮಂಡಳಿಯೂ ಒಪ್ಪಬೇಕು, ಮನೆಯವರ ಒಪ್ಪಿಗೆ ಇರಬೇಕು, ತೆಗೆಯುವ ಮೊದಲು ಮ್ಯಾಜಿಸ್ಟ್ರೇಟರಿಗೆ ತಿಳಿಸಬೇಕು. ಸ್ವಸ್ಥವಾಗಿರುವಾಗಲೇ ತಮಗೇನು ಬೇಕು, ಏನು ಬೇಡ ಎಂದು ಇಬ್ಬರು ಸಾಕ್ಷಿಗಳ ಎದುರು ಬರೆದಿಡುವ ಅವಕಾಶವೂ ಇದೆ. ಅದನ್ನು ನೋಟರಿ ಇಲ್ಲವೇ ಗೆಜೆಟೆಡ್ ಅಧಿಕಾರಿ ದೃಢೀಕರಿಸಬೇಕು.

ಮೇಷ್ಟ್ರು: ಚೇತರಿಸಿಕೊಂಡರೆಂದು ತೆಗೆದದ್ದು, ತಾನೇ ಕಿತ್ತುಬಂದದ್ದು, ಚಿಕಿತ್ಸೆ ಹಿಂತೆಗೆದು ತೆಗೆದದ್ದು, ಈ ಮೂರಕ್ಕೂ ಒಂದೇ ಮಾತು ಎಂದಾದರೆ, ಕೇಸ್ ಶೀಟ್ ಓದಿದವರಿಗೆ ಯಾವುದು ನಡೆಯಿತೆಂದು ಹೇಗೆ ತಿಳಿಯಬೇಕು?

ಡಾಕ್ಟರು: ಅದಕ್ಕೇ ಆ ಮಾತನ್ನು ಒಂಟಿಯಾಗಿ ಬರೆಯಬಾರದು. ಯೋಜಿತವೋ ಆಕಸ್ಮಿಕವೋ, ಯಾವ ಹೊತ್ತು, ಎಷ್ಟನೇ ದಿನ, ತೆಗೆದ ಮೇಲೆ ಯಾವ ಆಮ್ಲಜನಕ, ದನಿ ಹೇಗಿದೆ, ಸ್ಟ್ರೈಡರ್ ಸದ್ದು ಇದೆಯೇ ಎಂದು ಬರೆಯಬೇಕು. ಚಿಕಿತ್ಸೆ ಹಿಂತೆಗೆದು ತೆಗೆದದ್ದಾದರೆ ಮಂಡಳಿಗಳ ತೀರ್ಮಾನದ ದಾಖಲೆ ಅದರ ಜೊತೆಗಿರಬೇಕು. ಹೊರಗೆ ಕಾದಿರುವವರಿಗೂ ‘ಎಕ್ಸ್‌ಟ್ಯೂಬ್ ಮಾಡಿದ್ದೀವಿ’ ಎಂದಷ್ಟೇ ಹೇಳಿ ಹೊರಟುಬಿಡದೆ, ಸ್ವಂತ ಉಸಿರಾಡುತ್ತಿದ್ದಾರೆ, ಇನ್ನೆರಡು ದಿನ ಗಮನಿಸುತ್ತೇವೆ, ಮತ್ತೆ ಹಾಕಬೇಕಾಗಿಯೂ ಬರಬಹುದು ಎಂದು ಬಿಡಿಸಿ ಹೇಳುವುದಕ್ಕೆ ಒಂದು ನಿಮಿಷ ಸಾಕು.